ಗ್ಲೋಬ್ ಕೊಳ್ಳುವಾಗ ಬೆಸುಗೆಯನ್ನು ನೋಡಬೇಕು

ನಮ್ಮ ತರಗತಿಯ ಗ್ಲೋಬಿನಲ್ಲಿ ಸುಡಾನ್ ಇನ್ನೂ ಒಂದೇ ದೇಶ. ಅಂದರೆ ಅದು 2011ಕ್ಕಿಂತ ಹಿಂದಿನದು. ಹೊಸದೊಂದನ್ನು ಕೊಳ್ಳಲು ಕಳೆದ ತಿಂಗಳು ಉಡುಪಿಯಿಂದ ಮಂಗಳೂರಿನ ಹಂಪನಕಟ್ಟೆಗೆ ಹೋಗಿದ್ದೆ.

ಅಂಗಡಿಯಲ್ಲಿ ಇದ್ದವೆಲ್ಲ ಎಂಟು ಇಂಚಿನ ಪ್ಲಾಸ್ಟಿಕ್ ಗ್ಲೋಬುಗಳು. "ದೊಡ್ಡದು ತಂದಿಟ್ಟರೆ ಹೋಗುವುದಿಲ್ಲ ಟೀಚರ್, ಎಲ್ಲರೂ ಹುಟ್ಟುಹಬ್ಬಕ್ಕೆ ಕೊಡಲಿಕ್ಕೆ ಸಣ್ಣದೇ ಕೇಳುವುದು" ಎಂದರು ಅಂಗಡಿಯವರು. ಒಂದನ್ನು ಕೈಗೆತ್ತಿಕೊಂಡು, ಎರಡು ಅರ್ಧಗೋಳಗಳು ಕೂಡುವ ಸಮಭಾಜಕ ವೃತ್ತದ ಬೆಸುಗೆಯನ್ನು ನೋಡಿದೆ. ಆಫ್ರಿಕದ ಪೂರ್ವ ಕರಾವಳಿ ಅಲ್ಲಿ ಎರಡು ಮಿಲಿಮೀಟರಿನಷ್ಟು ಸರಿದು ಕೂತಿತ್ತು. ಆ ಅಳತೆಯ ಗ್ಲೋಬಿನಲ್ಲಿ ಒಂದು ಮಿಲಿಮೀಟರ್ ಎಂದರೆ 60 ಕಿ.ಮೀ.ಗೂ ಹೆಚ್ಚು, ಮಂಗಳೂರಿಗೂ ಉಡುಪಿಗೂ ನಡುವಿನ ನೇರ ದೂರ ಅಷ್ಟೂ ಇಲ್ಲ. ಭೂಮಿ ಧ್ರುವಗಳಲ್ಲಿ ಚಪ್ಪಟೆಯಾಗಿದೆ ಎಂದು ಪಾಠ ಮಾಡುತ್ತೇವಲ್ಲ, ಎರಡು ವ್ಯಾಸಗಳ ನಡುವಿನ ಆ ವ್ಯತ್ಯಾಸ ಸುಮಾರು 43 ಕಿ.ಮೀ. ಮಾತ್ರ, ಹಾಗಾಗಿ ಗ್ಲೋಬನ್ನು ಪೂರ್ಣ ದುಂಡಗೆ ಮಾಡಿದರೂ ಆಗುವ ತಪ್ಪು ಬೆಸುಗೆಯ ತಪ್ಪಿಗಿಂತ ಚಿಕ್ಕದು. ಎವರೆಸ್ಟ್ ಅಂತೂ ಮಿಲಿಮೀಟರಿನ ಏಳನೇ ಒಂದು ಭಾಗದಷ್ಟು ಎತ್ತರವಿರಬೇಕು. ಬೆರಳಿಗೆ ತಾಗುವಂತೆ ಹಿಮಾಲಯವನ್ನು ಉಬ್ಬಿಸಿದ ದುಬಾರಿ ಗ್ಲೋಬುಗಳನ್ನು ನಿಖರತೆಗಾಗಿ ಕೊಳ್ಳುವುದರಲ್ಲಿ ಅರ್ಥವಿಲ್ಲ. ಗಡಿಗಳನ್ನು ಮಾತ್ರ ನೋಡಲೇಬೇಕು: ಭಾರತೀಯ ಸರ್ವೇಕ್ಷಣಾ ಇಲಾಖೆಯ ನಕ್ಷೆಗೆ ಹೊಂದದಂತೆ ದೇಶದ ಗಡಿಯನ್ನು ಪ್ರಕಟಿಸುವುದು 1961ರ ಕಾನೂನಿನಂತೆ ಅಪರಾಧ.

ಇಷ್ಟಾದರೂ ಗ್ಲೋಬ್ ಬೇಕೇ ಬೇಕು ಎಂದು ನಾನು ಹಟ ಹಿಡಿಯುವುದು ಒಂದು ನೂಲಿನ ತುಂಡಿಗಾಗಿ. ಗೋಡೆಯ ಮರ್ಕೇಟರ್ ನಕ್ಷೆಯಲ್ಲಿ (ಧ್ರುವಗಳತ್ತ ಹೋದಂತೆ ನೆಲವನ್ನು ಹಿಗ್ಗಿಸಿ ತೋರಿಸುವ ಚಪ್ಪಟೆ ನಕ್ಷೆ) ಗ್ರೀನ್‌ಲ್ಯಾಂಡ್ ಆಫ್ರಿಕದಷ್ಟೇ ದೊಡ್ಡದಾಗಿ ಕಾಣುತ್ತದೆ, ನಿಜವಾಗಿ ಆಫ್ರಿಕ ಅದರ ಸುಮಾರು 14 ಪಟ್ಟು. ಬೆಂಗಳೂರಿನಿಂದ ಸ್ಯಾನ್ ಫ್ರಾನ್ಸಿಸ್ಕೋಗೆ ನೂಲನ್ನು ಬಿಗಿಯಾಗಿ ಎಳೆದರೆ ಅದು ಉತ್ತರ ಧ್ರುವದ ಬಳಿಯೇ ಹಾದುಹೋಗುವುದನ್ನು ಮಕ್ಕಳು ತಾವೇ ಕಾಣುತ್ತಾರೆ. 2021ರ ಜನವರಿಯಲ್ಲಿ ಏರ್ ಇಂಡಿಯಾ ವಿಮಾನ ಧ್ರುವದ ಮೇಲೆ ಹಾರಿ ಬಂದದ್ದೇಕೆಂದು ಮತ್ತೆ ವಿವರಿಸಬೇಕಾಗಿಲ್ಲ. ಮಂಗಳೂರಿನಿಂದ ಅಕ್ಷಾಂಶದ ಗೆರೆಯಗುಂಟ ಪಶ್ಚಿಮಕ್ಕೆ ಬೆರಳು ಸರಿಸಿದರೆ ಅದು ಯೆಮೆನ್ ದೇಶದ ಏಡನ್ ಬಂದರನ್ನು ಮುಟ್ಟುತ್ತದೆ. 12ನೇ ಶತಮಾನದಲ್ಲಿ ಮಂಗಳೂರಿನಲ್ಲಿ ನೆಲೆಸಿ ಏಡನ್ನಿನೊಂದಿಗೆ ವ್ಯಾಪಾರ ಮಾಡಿದ ಅಬ್ರಹಾಂ ಬೆನ್ ಯಿಜುವಿನ ಕಥೆಯನ್ನು ನಾನು ಅಲ್ಲಿಂದಲೇ ಆರಂಭಿಸುತ್ತೇನೆ.

ಹನ್ನೆರಡು ಇಂಚಿನದೊಂದನ್ನು ತರಿಸಿಕೊಡಲು ಅಂಗಡಿಯವರು ಒಪ್ಪಿದ್ದಾರೆ. ಬೆಸುಗೆಯನ್ನು ನೋಡಿಯೇ ಹಣ ಕೊಡುತ್ತೇನೆಂದು ಹೇಳಿ ಬಂದಿದ್ದೇನೆ.