ಹೆಜ್ಜೆಯ ಲೆಕ್ಕ

ಕಳೆದ ಭಾನುವಾರ ತುಮಕೂರಿನ ಶಿರಾ ಗೇಟಿನ ನಮ್ಮ ಮನೆಗೆ ಸೋದರಮಾವ ಬಂದಿದ್ದರು. ಸೈನ್ಯದಲ್ಲಿ ಹವಾಲ್ದಾರರಾಗಿ ನಿವೃತ್ತರಾದ ಅವರಿಗೆ 1911ರ ದೆಹಲಿ ದರ್ಬಾರಿನ, ಅಂದರೆ ಬ್ರಿಟನ್ನಿನ ದೊರೆ ಐದನೆಯ ಜಾರ್ಜ್ ಪಟ್ಟವೇರಿದ ಸಂಭ್ರಮಕ್ಕೆ ನಡೆದ ಸಮಾರಂಭದ, ಕಪ್ಪು-ಬಿಳುಪು ಚಲನಚಿತ್ರ ತುಣುಕೊಂದನ್ನು ತೋರಿಸಿದೆ. ಕಾಲಾಳುಗಳು ಗೊಂಬೆಗಳಂತೆ ಪಟಪಟನೆ ಹೆಜ್ಜೆ ಹಾಕುವುದನ್ನು ಕಂಡು ಮಕ್ಕಳೆಲ್ಲ ನಕ್ಕರು. ಮಾವ ನಗಲಿಲ್ಲ. "ಪೆರೇಡಲ್ಲಿ ಯಾರೂ ಹಿಂಗೆ ಓಡಲ್ಲ ಕಣೋ" ಎಂದವರೇ ಕೈಗಡಿಯಾರ ನೋಡುತ್ತ ಎಣಿಸತೊಡಗಿದರು. 10 ಸೆಕೆಂಡಿಗೆ 30 ಹೆಜ್ಜೆ, ಅಂದರೆ ನಿಮಿಷಕ್ಕೆ 180. ಅವರು ಕಲಿತ ಕವಾಯತಿನಲ್ಲಿ ನಿಮಿಷಕ್ಕೆ 120.

ಈ ವ್ಯತ್ಯಾಸಕ್ಕೆ ಆ ಸೈನಿಕರು ಹೊಣೆಯಲ್ಲ. ಮೂಕಿ ಚಿತ್ರಗಳ ಕಾಲದಲ್ಲಿ ಛಾಯಾಗ್ರಾಹಕ ಕ್ಯಾಮೆರಾದ ಹಿಡಿಯನ್ನು ಕೈಯಿಂದಲೇ ತಿರುಗಿಸುತ್ತಿದ್ದುದರಿಂದ ಸೆಕೆಂಡಿಗೆ ಸುಮಾರು 16 ಚೌಕಟ್ಟುಗಳು, ಅಂದರೆ ಬಿಡಿ ಚಿತ್ರಗಳು, ದಾಖಲಾಗುತ್ತಿದ್ದವು. ಧ್ವನಿ ಬಂದ ಮೇಲೆ ಸೆಕೆಂಡಿಗೆ 24 ಎಂಬ ವೇಗ ನೆಲೆಗೊಂಡಿತು. ಹಳೆಯ ಸುರುಳಿಯನ್ನು ಆ ವೇಗದಲ್ಲಿ ಓಡಿಸಿದರೆ ಚಲನೆ ಒಂದೂವರೆ ಪಟ್ಟಾಗುತ್ತದೆ. ಮಾವನ ಎಣಿಕೆ ಇದಕ್ಕೆ ಸರಿಯಾಗಿ ಹೊಂದಿತು. ಗಾಂಭೀರ್ಯದ ಮೆರವಣಿಗೆಯನ್ನು ನಾವು ನಗೆಪಾಟಲಾಗಿಸಿ ನೋಡುತ್ತಿದ್ದೇವೆಂಬುದು ನನಗೆ ನಿಜಕ್ಕೂ ನೋವಿನ ಸಂಗತಿ.

ಅದೇ ದರ್ಬಾರನ್ನು ಚಲನಚಿತ್ರ ನಿರ್ಮಾಪಕ ಚಾರ್ಲ್ಸ್ ಅರ್ಬನ್ನನ ಕಂಪನಿ ಕೈನೆಮಾಕಲರ್ ಎಂಬ ವಿಧಾನದಲ್ಲಿ ಬಣ್ಣದಲ್ಲಿಯೂ ಸೆರೆಹಿಡಿದಿತ್ತು. ಫಿಲ್ಮು ಕಪ್ಪು-ಬಿಳುಪಿನದೇ, ಆದರೆ ಸೆಕೆಂಡಿಗೆ ಸುಮಾರು 32 ಚೌಕಟ್ಟುಗಳನ್ನು ಕೆಂಪು, ಹಸಿರು ಗಾಜುಗಳ ಮೂಲಕ ಒಂದಾದ ಮೇಲೊಂದರಂತೆ ತೆಗೆದು, ತೋರಿಸುವಾಗಲೂ ಅವೇ ಬಣ್ಣಗಳ ಗಾಜು ತಿರುಗಿಸುತ್ತಿದ್ದರು. ಕೆಂಪು ಚೌಕಟ್ಟಿಗೂ ಹಸಿರಿಗೂ ನಡುವೆ ಕುದುರೆಯ ಕಾಲು ಒಂದಿಷ್ಟು ಮುಂದೆ ಸರಿದಿರುವುದರಿಂದ ಅದರ ಅಂಚಿನಲ್ಲಿ ಎರಡೂ ಬಣ್ಣಗಳು ಬೇರೆಬೇರೆಯಾಗಿ ಇಣುಕುತ್ತವೆ. ಆ ಅಂಚನ್ನು ದೋಷವೆಂದು ಕರೆಯಲು ನನಗೆ ಮನಸ್ಸಾಗುವುದಿಲ್ಲ.

1912ರ ಫೆಬ್ರವರಿಯಲ್ಲಿ ಲಂಡನ್ನಿನ ಸ್ಕಾಲಾ ಥಿಯೇಟರಿನಲ್ಲಿ ಪ್ರದರ್ಶನಗೊಂಡ ಆ ಎರಡೂವರೆ ಗಂಟೆಯ ಚಿತ್ರದ ಬಹುಪಾಲು ಇಂದು ಉಳಿದಿಲ್ಲ. ದೊರೆ ಐದನೆಯ ಜಾರ್ಜ್ 50,000 ಸೈನಿಕರ ಪಡೆಯನ್ನು ವೀಕ್ಷಿಸಿದ ಭಾಗದ ಒಂದು ಸುರುಳಿ 2000ದಲ್ಲಿ ರಷ್ಯಾದ ಕ್ರಾಸ್ನೊಗೋರ್ಸ್ಕ್ ಚಲನಚಿತ್ರ ಸಂಗ್ರಹಾಗಾರದಲ್ಲಿ ಸಿಕ್ಕಿತು. ದರ್ಬಾರಿಗೆ ನಮ್ಮ ನಾಲ್ವಡಿ ಕೃಷ್ಣರಾಜ ಒಡೆಯರೂ ಹೋಗಿದ್ದರು. ಕಳೆದುಹೋದ ಸುರುಳಿಗಳನ್ನು ನೆನೆದಾಗಲೆಲ್ಲ ಈ ಮಾತು ನೆನಪಾಗಿ ಮನಸ್ಸು ಭಾರವಾಗುತ್ತದೆ.

ಮೊದಲು ನೋಡಿದ ಕಪ್ಪು-ಬಿಳುಪು ತುಣುಕನ್ನೇ ವೇಗ ತಗ್ಗಿಸಿ ಮತ್ತೆ ಹಾಕಿದೆ. ಈ ಸಲ ಮಕ್ಕಳು ಸದ್ದಿಲ್ಲದೆ ನೋಡಿದರು. ಬೂಟು ನೆಲ ಮುಟ್ಟಿದಾಗ ಏಳುವ ಧೂಳು ಕಾಣಿಸಿತು. ಮಾವ ಪರದೆಯ ಹತ್ತಿರ ಬಾಗಿ, "ಎರಡನೇ ಸಾಲಿನ ಹುಡುಗ ಹೆಜ್ಜೆ ತಪ್ಪಿದ, ನೋಡು, ಸರಿಮಾಡಿಕೊಂಡ" ಎಂದರು.