ಜ್ಯೂರಿ ಡ್ಯೂಟಿಯ ಒಂದು ದಿನ

ಎರಡು ವರ್ಷದ ಹಿಂದೆ ಲಾಸ್ ಏಂಜಲಿಸ್ ಕೋರ್ಟಿನಿಂದ ಜ್ಯೂರಿ ಡ್ಯೂಟಿಗೆ ಕಾಗದ ಬಂತು. ನಮ್ಮೂರ ಕಡೆ ಜಡ್ಜೇ ತೀರ್ಪು ಕೊಡುತ್ತಾರೆ. ಇಲ್ಲಿ ಊರಿನ 12 ಜನ ಕೂತು ಹೇಳಬೇಕು. ಹೋಗಬೇಕಾಗಿದ್ದು ಟೆಂಪಲ್ ಸ್ಟ್ರೀಟ್‌ನ ಕ್ರಿಮಿನಲ್ ಕೋರ್ಟಿಗೆ, ಅಂದರೆ ಅಮೆರಿಕನ್ ಫುಟ್‌ಬಾಲ್ ತಾರೆ ಓ.ಜೆ. ಸಿಂಪ್ಸನ್ ಮೇಲಿನ ಜೋಡಿ ಕೊಲೆ ಕೇಸು ನಡೆದ ಅದೇ ಕಟ್ಟಡಕ್ಕೆ. ಬಾಗಿಲು ದಾಟುವಾಗಲೇ ಸಿಂಪ್ಸನ್ ಪರ ವಾದಿಸಿದ ಕಪ್ಪು ಜನಾಂಗದ ಲಾಯರ್ ಜಾನಿ ಕಾಕ್ರನ್ ನೆನಪಾದರು.

1995ರ ಅಕ್ಟೋಬರ್ 3ರ ಬೆಳಿಗ್ಗೆ ನಾನು ಹಾಸ್ಟೆಲ್‌ನ ಟೀವಿ ಮುಂದೆ ನಿಂತಿದ್ದೆ. ಎಂಟು ತಿಂಗಳಿಗೂ ಜಾಸ್ತಿ ನಡೆದ ವಿಚಾರಣೆ, ಜ್ಯೂರಿ ಚರ್ಚಿಸಿದ್ದು ನಾಲ್ಕು ಗಂಟೆಗೂ ಕಮ್ಮಿ. ಖುಲಾಸೆ ಅಂದ ಕೂಡಲೇ ಕಪ್ಪು ಜನಾಂಗದ ಹುಡುಗರು ಕುಣಿದರು, ಬಿಳಿಯ ಹುಡುಗರು ಸುಮ್ಮನಾದರು. ನಾನೂ ಸುಮ್ಮನಾದೆ. ಇಬ್ಬರ ಕೊಲೆಯಾಗಿದೆ, ಈ ಲಾಯರ್, ಸಾಕ್ಷ್ಯವಾಗಿ ತಂದ ಕೈಗವಸು ಸಿಂಪ್ಸನ್ ಕೈಗೆ ಹೊಂದಲಿಲ್ಲ ಅಂತ ಪ್ರಾಸ ಕಟ್ಟಿ ಗೆದ್ದುಬಿಟ್ಟರಲ್ಲ ಅಂತ ಸಿಟ್ಟು ಬಂದಿತ್ತು. 1997ರಲ್ಲಿ ಕಾಕ್ರನ್ ಕೋರ್ಟ್ ಟಿವಿಯಲ್ಲಿ ನಿರೂಪಕರಾದಾಗ ನಾನು ಚಾನೆಲ್ ಬದಲಿಸುತ್ತಿದ್ದೆ.

ಮಧ್ಯಾಹ್ನದ ಬಿಡುವಿನಲ್ಲಿ ಹಳೆಯ ಸಹಪಾಠಿಗೆ ಫೋನ್ ಮಾಡಿದೆ. ಅವನು ಇದೇ ಊರಲ್ಲಿ ಬೆಳೆದವನು, ಅವತ್ತು ಕುಣಿದವರಲ್ಲಿ ಒಬ್ಬ. ಯಾಕೆ ಕುಣಿದೆ ಅಂತ ಇಷ್ಟು ವರ್ಷದಲ್ಲಿ ನಾನು ಒಂದು ಸಲವೂ ಕೇಳಿರಲಿಲ್ಲ. ಈಗ ಕೇಳಿದೆ.

ಅವನು ಸಿಂಪ್ಸನ್ ವಿಷಯ ಎತ್ತಲೇ ಇಲ್ಲ. 1966ರ ಕಥೆ ಹೇಳಿದ. ಲೆನರ್ಡ್ ಡೆಡ್‌ವೈಲರ್ ಅಂತ ಕಪ್ಪು ಜನಾಂಗದವನೊಬ್ಬ, ಬಸುರಿ ಹೆಂಡತಿಯನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗುತ್ತಾ ಕಾರು ಜೋರಾಗಿ ಓಡಿಸಿದ. ಪೊಲೀಸರು ಅಡ್ಡಗಟ್ಟಿದರು, ಒಬ್ಬ ಪೊಲೀಸನ ಗುಂಡಿಗೆ ಅವನು ಸತ್ತ. ಅವನ ಸಾವಿನ ವಿಚಾರಣೆಯನ್ನು ಟೀವಿಯಲ್ಲಿ ನೇರವಾಗಿ ತೋರಿಸಿದರು. ಕುಟುಂಬದ ಪರ ನಿಂತ ಕಾಕ್ರನ್‌ಗೆ ಇನ್ನೂ ಮೂವತ್ತು ತುಂಬಿರಲಿಲ್ಲ. ಅಲ್ಲಿ ಅವರು ಸಾಕ್ಷಿಗಳನ್ನು ನೇರವಾಗಿ ಪ್ರಶ್ನಿಸುವಂತಿರಲಿಲ್ಲ. ಅವರು ಹೇಳಿಕೊಟ್ಟ ಪ್ರಶ್ನೆಯನ್ನು ಸರ್ಕಾರಿ ವಕೀಲರು ಕೇಳಬೇಕು. ಪ್ರತಿ ಸಲವೂ 'ಮಿಸ್ಟರ್ ಕಾಕ್ರನ್ ತಿಳಿಯಬಯಸುತ್ತಾರೆ' ಅಂತಲೇ ಶುರು.

"ನಮ್ಮಮ್ಮ ಅದನ್ನು ನೋಡಿದ್ದಳು," ಅಂದ ಅವನು. "ನಮ್ಮವನೊಬ್ಬ ಪೊಲೀಸರಿಗೆ ಪ್ರಶ್ನೆ ಕೇಳಿಸ್ತಿದ್ದಾನೆ ಅಂತ ಸಾಯೋವರೆಗೂ ಹೇಳ್ತಿದ್ದಳು."

ಆ ಸಾವು ಆಕಸ್ಮಿಕ ಅಂತಾಯಿತು. ಪರಿಹಾರದ ದಾವೆಯಲ್ಲೂ ಕಾಕ್ರನ್ ಸೋತರು. 1972ರಲ್ಲಿ, ಕಪ್ಪು ಜನರ ಹಕ್ಕಿಗಾಗಿ ಹೋರಾಡುತ್ತಿದ್ದ ಬ್ಲ್ಯಾಕ್ ಪ್ಯಾಂಥರ್ ಪಕ್ಷದ ಜೆರಾನಿಮೊ ಪ್ರಾಟ್ ಮೇಲಿನ ಕೊಲೆ ಕೇಸಿನಲ್ಲಿ ಅವನ ಪರ ವಾದಿಸಿ ಅದರಲ್ಲೂ ಸೋತರು. ಆದರೆ ಅದನ್ನು ಬಿಡಲಿಲ್ಲ. ಮುಖ್ಯ ಸಾಕ್ಷಿ ಪೊಲೀಸರಿಗೆ ಮಾಹಿತಿ ಕೊಡುತ್ತಿದ್ದವನು ಅನ್ನುವುದನ್ನು ಜ್ಯೂರಿಯಿಂದ ಮುಚ್ಚಿಟ್ಟಿದ್ದರು. 27 ವರ್ಷ ಜೈಲಿನಲ್ಲಿದ್ದ ಪ್ರಾಟ್ ಹೊರಗೆ ಬಂದದ್ದು 1997ರಲ್ಲಿ. ನಾನು ಚಾನೆಲ್ ಬದಲಿಸುತ್ತಿದ್ದ ವರ್ಷವೇ ಅದು! ಕಾಕ್ರನ್ ತಮ್ಮ ವಕೀಲಿಕೆಯಲ್ಲೇ ಅತ್ಯಂತ ಸಂತೋಷದ ದಿನ ಅಂದದ್ದು ಆ ದಿನವನ್ನು, ಸಿಂಪ್ಸನ್ ತೀರ್ಪಿನ ದಿನವನ್ನಲ್ಲ. ಟೀವಿಯವರು ತೋರಿಸಿದ್ದನ್ನಷ್ಟೇ ನೋಡಿ ಒಬ್ಬ ಮನುಷ್ಯನನ್ನು ಅಳೆದುಬಿಟ್ಟಿದ್ದೆ ಅನ್ನಿಸಿ ನಿಜವಾಗಿಯೂ ಬೇಜಾರಾಯಿತು. ಅವರು 2005ರಲ್ಲೇ ತೀರಿಕೊಂಡಿದ್ದಾರೆ.

ಮಧ್ಯಾಹ್ನ ಎರಡಕ್ಕೆ ನಮ್ಮನ್ನು ಒಳಗೆ ಕರೆದರು. ಆರೋಪಿ ಇಪ್ಪತ್ತರ ಹುಡುಗ. ಹೊಸ ಅಂಗಿ, ಕಾಲರ್ ದೊಡ್ಡದಾಗಿತ್ತು. ಯಾರನ್ನು ಜ್ಯೂರಿಗೆ ಇಟ್ಟುಕೊಳ್ಳಬೇಕು, ಯಾರನ್ನು ಬಿಡಬೇಕು ಅಂತ ಎರಡೂ ಕಡೆಯ ವಕೀಲರು ಮೊದಲು ಪ್ರಶ್ನೆ ಕೇಳುತ್ತಾರೆ. ಅವನ ವಕೀಲೆ ಒಬ್ಬೊಬ್ಬರನ್ನೇ ಕೇಳಿದರು: "ಈಗಲೇ ತೀರ್ಪು ಹೇಳಿ ಅಂದರೆ ಏನು ಹೇಳುತ್ತೀರಿ?"

"ಗೊತ್ತಿಲ್ಲ, ಇನ್ನೂ ಸಾಕ್ಷಿ ಕೇಳಿಲ್ಲ," ಅಂದರು ನನ್ನ ಪಕ್ಕದವರು. ಅವರ ಪಕ್ಕದವರೂ ಹಾಗೇ ಅಂದರು. ಬೆಳಿಗ್ಗೆ ಕೇಳಿದ್ದರೆ ನಾನೂ ಅದನ್ನೇ ಹೇಳುತ್ತಿದ್ದೆ.

"ತಪ್ಪಿತಸ್ಥನಲ್ಲ," ಅಂದೆ. "ಇಲ್ಲಿಯವರೆಗೆ ಯಾರೂ ಏನೂ ಸಾಬೀತು ಮಾಡಿಲ್ಲ."

ಹುಡುಗ ತಲೆ ಎತ್ತಿ ನೋಡಿದ. ಹತ್ತು ನಿಮಿಷದ ಮೇಲೆ ಸರ್ಕಾರಿ ವಕೀಲರು ನನಗೆ ಧನ್ಯವಾದ ಹೇಳಿ ಮನೆಗೆ ಕಳಿಸಿದರು.