ತಪ್ಪೊಪ್ಪಿಗೆಯನ್ನು ಕೊನೆಗೆ ಓದಿ
ನಾರ್ವೆಯ ಎನ್‌ಆರ್‌ಕೆ ಟೀವಿಯಲ್ಲಿ ನಿರೂಪಕರಾಗಿದ್ದ ತೂರೆ ಸಾಂಡ್‌ಬರ್ಗ್ ಆಮೇಲೆ ಖಾಸಗಿ ಪತ್ತೇದಾರರಾದರು. ಕಾರ್ಯಕ್ರಮ ಪ್ರಸಾರವಾದ ಮಾರನೇ ದಿನವೇ ಫೈಲ್ ಕಟ್ಟಿಡುವುದು ಟೀವಿಯವರ ಜಾಯಮಾನ. ಇವರದ್ದು ಹಾಗಲ್ಲ.

ಅವರು ಬಿಡದೆ ಹಿಡಿದ ಕೇಸು ಫ್ರಿಟ್ಸ್ ಮೋಯೆನ್ ಎಂಬವನದು. ಅವನಿಗೆ ಕಿವಿ ಕೇಳುತ್ತಿರಲಿಲ್ಲ, ಮಾತೂ ಸ್ಪಷ್ಟವಿರಲಿಲ್ಲ. ಎರಡು ಕೊಲೆ ಆರೋಪ ಹೊತ್ತು 18 ವರ್ಷ ಜೈಲಲ್ಲಿದ್ದ. ಸಾಂಡ್‌ಬರ್ಗ್ ಬೆನ್ನುಬಿದ್ದ ಮೇಲೆ ಒಂದು ಕೇಸಿನಲ್ಲಿ 2004ರಲ್ಲಿ ಖುಲಾಸೆ. ಇನ್ನೊಂದರಲ್ಲಿ 2006ರಲ್ಲಿ, ಅಂದರೆ ಅವನು ಸತ್ತ ಮರುವರ್ಷ!

ತಪ್ಪೊಪ್ಪಿಗೆಯ ಮೇಲೇ ನಿಂತ ಇಂಥ ಕೇಸು ಬಿಡಿಸುವಾಗ ಆ ಹೇಳಿಕೆಯನ್ನು ಮೊದಲು ಬದಿಗಿಡಬೇಕು. ಸಾವಿನ ಸಮಯ, ಆಗ ಆರೋಪಿ ಎಲ್ಲಿದ್ದ, ಲ್ಯಾಬ್ ವರದಿ ಏನನ್ನುತ್ತೆ, ಎಲ್ಲವನ್ನೂ ಒಂದೇ ಹಾಳೆಯಲ್ಲಿ ಗಂಟೆವಾರು ಬರೆಯಬೇಕು. ಹೇಳಿಕೆ ಓದುವುದು ಆಮೇಲೆ. ಉಲ್ಟಾ ಮಾಡಿದರೆ, ಪ್ರಶ್ನೆಯೊಳಗೇ ಪೊಲೀಸರು ತೂರಿಸಿದ ವಿವರವೂ ಆರೋಪಿಯ ಬಾಯಿಂದಲೇ ಬಂದಂತೆ ಕಾಣುತ್ತೆ.